ಸೆಕೆಂಡ್ಸ್ ಹಾಡುವವಳು

ವಿಲ್ಫಿ ಮೈಕಿನ ಸ್ಟ್ಯಾಂಡನ್ನು ಮತ್ತೆ ಮೇಲೆತ್ತಿದ. ಇಂಚರಾ ಮತ್ತೆ ಇಳಿಸಿದಳು. ಮೆಲ್ಬರ್ನಿನ ಡ್ಯಾಂಡಿನಾಂಗ್‌ನ ಇಗರ್ಜಿಯೊಳಗೆ ಜನ ಚಳಿಗೆ ಕೋಟು ಬಿಚ್ಚದೆ ಬಂದು ಕೂರುತ್ತಿದ್ದರು. ಪೀಠದ ಮುಂದಿನ ಶವಪೆಟ್ಟಿಗೆಯಲ್ಲಿ ವಿಲ್ಫಿಯ ಅಕ್ಕ, ಇಂಚರಾಳ ಸಂಗೀತದ ಟೀಚರ್ ಮ್ಯಾಗ್ಡಲಿನ್ ಇದ್ದಳು. ಎದ್ದು ಬರುವ ಹಾಗಿದ್ದಿದ್ದರೆ ಇಬ್ಬರಿಗೂ ಬೈದು ಮೈಕನ್ನೇ ಹೊರಗೆ ಇಡಿಸುತ್ತಿದ್ದಳು.

"ಕೊನೆಯ ಗೀತೆ ನೀನು ಟ್ಯೂನ್ ಹಾಡ್ಬೇಕು," ಎಂದ ವಿಲ್ಫಿ. "ಸೆಕೆಂಡ್ಸ್ ಬೇಡ ಮಾರಾಯ್ತಿ."

"ಟೀಚರ್‌ಗೆ ಪ್ರಾಮಿಸ್ ಮಾಡಿದೀನಿ ಅಂಕಲ್."

"ಅವಳಿಗೆ ಎಂತ ಗೊತ್ತುಂಟು? ಇಡೀ ಜೀವಮಾನ ಬೇರೆಯವರ ಅಡಿಯಲ್ಲೇ ಹಾಡಿದ್ಳು. ಮಣ್ಣಿಗೆ ಹೋಗುವಾಗಲೂ ಹಾಗೇ ಹೋಗ್ಬೇಕಾ?"

ಕೊಯರ್‌ನವರ ಮಾತಿನಲ್ಲಿ ಸೆಕೆಂಡ್ಸ್ ಅಂದರೆ ಎರಡನೇ ದನಿ. ಎಲ್ಲರಿಗೂ ಗೊತ್ತಿರುವ ರಾಗ ಮೇಲೆ ಹೋಗುವಾಗ ಅದರ ಕೆಳಗೆ ಜೊತೆಯಾಗಿ ಹೋಗುವ ಸಾಲು. ಅದೊಂದನ್ನೇ ಹಾಡಿದರೆ ಯಾರೋ ಹಾಡು ಮರೆತು ಏನೇನೋ ಹಾಡುತ್ತಿದ್ದಾರೆ ಅನ್ನಿಸುತ್ತದೆ. ಅಕ್ಕನನ್ನು ಮಣ್ಣು ಮಾಡುವ ದಿನ ಹಾಗಾಗಬಾರದು ಎಂಬುದೇ ವಿಲ್ಫಿಯ ಸಂಕಟ. ನಿಜ ಹೇಳಬೇಕೆಂದರೆ ಇಂಚರಾಳಿಗೂ ಅದೇ ಹೆದರಿಕೆ.

"ಡ್ಯಾಡ್, ಪ್ಲೀಸ್. ನಾಟ್ ನೌ," ಎಂದ ಕೀಬೋರ್ಡಿನ ಮುಂದೆ ಕೂತಿದ್ದ ವಿಲ್ಫಿಯ ಮಗ ಜೋಯೆಲ್.

ವಿಲ್ಫಿ ಮುಖ ಗಂಟು ಹಾಕಿಕೊಂಡು ಮೊದಲ ಬೆಂಚಿಗೆ ಹೋಗಿ ಕೂತ. ಗಾಯನದ ಬಗ್ಗೆ ಇಷ್ಟೆಲ್ಲ ಅಪ್ಪಣೆ ಕೊಡುವ ಆಸಾಮಿ, ಮೀಸೆ ಬಂದ ಮೇಲೆ ಇಗರ್ಜಿಯಲ್ಲಿ ಬರೀ ತುಟಿ ಆಡಿಸಿದವನು.

*

ಮ್ಯಾಗ್ಡಲಿನ್ ಒಪೆರಾ ಗಾಯಕಿ, ದನಿ ಮೆಜ್ಜೊ. ಹೆಂಗಸರ ದನಿಗಳಲ್ಲಿ ನಡುವಿನದು. ಒಪೆರಾದ ಹಾಡುನಾಟಕಗಳಲ್ಲಿ ಪ್ರೀತಿಸಿ ಸಾಯುವ ಭಾಗ್ಯ ಸಾಮಾನ್ಯವಾಗಿ ಎತ್ತರದ ದನಿಯವರದ್ದು. ಮೆಜ್ಜೊಗೆ ತಾಯಿ, ದಾದಿ, ಮಾಟಗಾತಿ, ಹೆಚ್ಚೆಂದರೆ ಪ್ಯಾಂಟು ಹಾಕಿಸಿ ಹುಡುಗನ ಪಾತ್ರ.

2012ರಲ್ಲಿ ಸಿಡ್ನಿಯಲ್ಲಿ ಅವಳಿಗೆ ದಾದಿಯ ಪಾತ್ರ ಸಿಕ್ಕಿತು. ವಿಲ್ಫಿ ಅದೇ ಊರಿನ ತನ್ನ ಬಡಾವಣೆ ರೌಸ್ ಹಿಲ್‌ನಿಂದ ಎರಡು ಕಾರು ತುಂಬ ನೆಂಟರನ್ನು ಹೊರಡಿಸಿದ. ದಾದಿ ಬಂದಳು, ಕಿಟಕಿ ತೆರೆದಳು, ನಾಯಕಿಯ ಜೊತೆ ಒಂದು ಹಾಡು ಹಾಡಿದಳು, ಕಿಟಕಿ ಮುಚ್ಚಿ ಹೋದಳು. ಆಮೇಲೆ ಬರಲೇ ಇಲ್ಲ. ನೆಂಟರು ಒಬ್ಬರ ಮುಖ ಒಬ್ಬರು ನೋಡಿಕೊಂಡರು.

ಕಾರ್ ಪಾರ್ಕಿಂಗ್‌ನಲ್ಲಿ ವಿಲ್ಫಿ ತಡೆಯಲಾರದೆ ಕೇಳಿಬಿಟ್ಟ. "ಇಷ್ಟು ವರ್ಷ ಕಲಿತದ್ದು ಕಿಟಕಿ ಮುಚ್ಲಿಕ್ಕಾ ಅಕ್ಕಾ?"

"ಆ ಹುಡುಗಿ ಹಾಡಿದ್ದು ಚಂದ ಆಯ್ತಾ?"

"ಅವಳದ್ದು ಚಂದ ಆಯ್ತು."

"ಹಾಗಾದ್ರೆ ನನ್ನದೂ ಚಂದ ಆಯ್ತು," ಎಂದು ಅವಳು ಕಾರು ಹತ್ತಿದಳು.

ವಿಲ್ಫಿಗೆ ಅದು ಸೋತವರ ಸಮಾಧಾನದಂತೆ ಕೇಳಿತು. ಮುಂದಿನ ವರ್ಷ ಅವಳ ಕಾಂಟ್ರಾಕ್ಟ್ ಮುಂದುವರಿಯದೆ, ಮೆಲ್ಬರ್ನಿಗೆ ಹೋಗಿ ಡ್ಯಾಂಡಿನಾಂಗ್‌ನ ಬಾಡಿಗೆ ಮನೆಯಲ್ಲಿ ಹಾಡಿನ ಪಾಠ ಶುರು ಮಾಡಿದಾಗ, ತಾನು ಹೇಳಿದ್ದೇ ಸರಿ ಎಂದುಕೊಂಡ.

*

ಇಂಚರಾ ಮೆಲ್ಬರ್ನಿನ ಇನ್ನೊಂದು ತುದಿಯ ಟಾರ್ನೀಟ್‌ನಿಂದ ಇಡೀ ಊರು ದಾಟಿ ಪ್ರತಿ ಶನಿವಾರ ಪಾಠಕ್ಕೆ ಬರುತ್ತಿದ್ದಳು. ಓದಲು ಬಂದು, ಕಾಯಂ ವಾಸದ ಪಿಆರ್ ಸಿಕ್ಕು, ಐಟಿ ಕೆಲಸ ಹಿಡಿದಿದ್ದ ಬೆಂಗಳೂರಿನ ಹುಡುಗಿ. ಅವಳದ್ದೂ ತಗ್ಗಿನ ದನಿಯೇ. ಮ್ಯಾಗ್ಡಲಿನ್ ಅವಳಿಗೆ ಕೆಳಗಿನ ಸಾಲು ಕೊಟ್ಟು, ತನಗೆ ಎಟುಕದ ಮೇಲಿನ ಸಾಲನ್ನು ತಾನೇ ಹಾಡುತ್ತಿದ್ದಳು. ಬೇಕೆಂದೇ ತಪ್ಪಿಸುತ್ತಿದ್ದಳು, ತಾಳ ಬಿಟ್ಟು ಓಡುತ್ತಿದ್ದಳು, ನಡುವೆ ನಿಂತುಬಿಡುತ್ತಿದ್ದಳು. ಇಂಚರಾ ತನ್ನ ಸಾಲಿನಿಂದ ಅಲುಗಾಡಬಾರದು. ಅದೇ ಪಾಠ.

ಆಸ್ಪತ್ರೆಯಲ್ಲಿ ಮಲಗಿ ಇಂಚರಾಳಿಂದ ಮಾತು ತೆಗೆದುಕೊಂಡಾಗಲೂ ಮ್ಯಾಗ್ಡಲಿನ್ ಹಾಗೇ ಪಟ್ಟು ಹಿಡಿದಿದ್ದಳು. "ಮಾತೆ ಮರಿಯಮ್ಮನ ಗೀತೆ ಹಾಡು. ನಮ್ಮ ಸಾಲು. ಟ್ಯೂನ್ ನಮ್ಮವರಿಗೆ ಎಲ್ಲರಿಗೂ ಬರ್ತದೆ."

"ಯಾರೂ ಹಾಡ್ಲಿಲ್ಲ ಅಂದ್ರೆ ಟೀಚರ್?"

ಮ್ಯಾಗ್ಡಲಿನ್ ನಕ್ಕಳು. ನಗು ಕೆಮ್ಮಿಗೆ ತಿರುಗಿತು.

*

ಪೂಜೆ ಮುಗಿಯಿತು. ಪಾದ್ರಿ ಪೆಟ್ಟಿಗೆಯ ಮೇಲೆ ತೀರ್ಥ ಚಿಮುಕಿಸಿ ಪಕ್ಕಕ್ಕೆ ಸರಿದರು.

"ಯು ಶೂರ್?" ಎಂದ ಜೋಯೆಲ್. ಇಂಚರಾ ತಲೆಯಾಡಿಸಿ ಕೆಳಗಿನ ಸಾಲನ್ನು ಎತ್ತಿಕೊಂಡಳು. ಜೋಯೆಲ್ ರಾಗ ನುಡಿಸದೆ ಬರೀ ಆಧಾರದ ಸ್ವರ ಹಿಡಿದ.

ಅಂದುಕೊಂಡದ್ದೇ ಆಯಿತು. ಜನ ತಲೆ ಎತ್ತಿದರು. ಒಬ್ಬ ಆಂಟಿ ಹಾಡಿನ ಹಾಳೆಯನ್ನು ತಿರುಗಿಸಿ ಮುರುಗಿಸಿ ನೋಡಿದರು. ಮಾತು ಗೊತ್ತಿದ್ದದ್ದೇ, ರಾಗ ಎಲ್ಲೂ ಇಲ್ಲ. ಮೊದಲ ಚರಣ ಇಗರ್ಜಿಯ ತುಂಬ ಒಂಟಿಯಾಗಿಯೇ ಮುಗಿಯಿತು. ಟೀಚರನ್ನು ನಗೆಪಾಟಲು ಮಾಡಿಬಿಟ್ಟೆನೇ ಎಂದುಕೊಳ್ಳುತ್ತಲೇ ಇಂಚರಾ ಎರಡನೇ ಚರಣ ಹಿಡಿದಳು.

ಮೊದಲ ಬೆಂಚಿನಿಂದ ಒಂದು ಗೊಗ್ಗರು ದನಿ ಎದ್ದಿತು. ವಿಲ್ಫಿ ನಿಂತಿದ್ದ. ಸಿಟ್ಟಿಗೋ ದುಃಖಕ್ಕೋ ಮುಖ ಕೆಂಪಾಗಿತ್ತು. ಅಕ್ಕನಿಗೋಸ್ಕರ ಟ್ಯೂನನ್ನು ಯಾರೂ ಹಾಡದಿದ್ದರೆ ತಾನೇ ಹಾಡುತ್ತೇನೆ ಎಂಬಂತೆ ಹಾಡತೊಡಗಿದ. ಶ್ರುತಿ ಆ ಕಡೆ ಈ ಕಡೆ ಜಾರುತ್ತಿತ್ತು, ಆದರೂ ರಾಗ ಅದೇ. ಆ ಆಂಟಿ ಹಾಳೆ ಮಡಚಿ ಸೇರಿಕೊಂಡರು. ಹಿಂದಿನ ಬೆಂಚುಗಳು ಒಂದೊಂದಾಗಿ ಸೇರಿದವು. ಇಂಚರಾಳ ಸಾಲು ಅವರ ಕೆಳಗೆ ಹೋಯಿತು. ಈಗ ಅದು ಯಾರಿಗೂ ತಪ್ಪಾಗಿ ಕೇಳಲಿಲ್ಲ, ಬೇರೆಯಾಗಿಯೂ ಕೇಳಲಿಲ್ಲ.

ಕೊನೆಯ ಚರಣದ ಎತ್ತರದ ಜಾಗಕ್ಕೆ ಬಂದಾಗ ವಿಲ್ಫಿ ಅಳು ಬಂದು ಹಾಡು ನಿಲ್ಲಿಸಿದ. ಅವನನ್ನು ನಂಬಿ ಹಾಡುತ್ತಿದ್ದ ಜನರೂ ನಿಲ್ಲಿಸಿದರು. ಇಂಚರಾ ಅಲುಗಲಿಲ್ಲ. ಅದೇ ತಗ್ಗಿನ ಸ್ವರವನ್ನು ಹಿಡಿದು ಎಳೆದಳು, ಇನ್ನಷ್ಟು ಎಳೆದಳು. ಜೋಯೆಲ್ ಕೀಲಿಗಳಿಂದ ಬೆರಳು ಎತ್ತಲಿಲ್ಲ.

ವಿಲ್ಫಿ ಮುಂದೆ ಬಂದು ಪೆಟ್ಟಿಗೆಯ ಮೇಲೆ ಕೈಯಿಟ್ಟು, ಮೂಗು ಒರೆಸಿಕೊಂಡು, ಉಸಿರು ತೆಗೆದುಕೊಂಡು, ಆ ಸ್ವರದ ಮೇಲೆಯೇ ಕಾಲಿಟ್ಟು ಮತ್ತೆ ರಾಗಕ್ಕೆ ಹತ್ತಿದ.