ಹುಲ್ಲುಟೋಪಿಯ ಸುತ್ತ ಪಿಲ್‌ನ್ಯೋ

ಬಾವಿಕಟ್ಟೆ, ಅಲ್ಲವೇ ಅದು, ಕರಬೂಜ ಮಾರುವವನ ಹುಲ್ಲುಟೋಪಿಯ ಸುತ್ತ ಹೊಲಿದ ಫಿಲ್ಮಿನ ಪಟ್ಟಿಯಲ್ಲಿ, ಬಿಸಿಲು ಬಿದ್ದಾಗ ಮಿಂಚಿ ಹೋದದ್ದು — ಅದೇ ಬಾವಿ, ಅದೇ ಬೋಳು ಮರ, ನಾನೇ ಕತ್ತರಿಸಿ ಅಂಟಿಸಿದ ಸಿನಿಮಾ, ಊರೂರು ಓಡಿ ಹರಿದ ಮೇಲೆ ಟೋಪಿ ಹೊಲಿಯುವವರಿಗೆ ಮಾರಿದರಂತೆ, ನಮ್ಮಲ್ಲಿ ಸಿನಿಮಾಗಳ ಗತಿಯೇ ಅಷ್ಟು, ನಾಯಕನಾಗಲಿ ಖಳನಾಗಲಿ ಕೊನೆಗೆ ರೈತನ ತಲೆ ಸುತ್ತಲೇಬೇಕು, ಆದರೆ ಆ ಬಾವಿಯ ಹತ್ತಿರ ಪಿಲ್‌ನ್ಯೋ ಇದ್ದಾಳೆ, ನನ್ನ ಹೆಂಡತಿ, ಯುದ್ಧದಲ್ಲಿ ಅವಳೂ ಹೋದಳು ಮನೆಯೂ ಸುಟ್ಟಿತು, ಒಂದೇ ಒಂದು ಫೋಟೋ ಉಳಿಯಲಿಲ್ಲ, ಮುಖ ನೆನೆಯಹೋದರೆ ಈಗೀಗ ಅವಳ ತಂಗಿಯ ಮುಖ ಬಂದು ನಿಲ್ಲುತ್ತದೆ, ಅದೊಂದೇ ನನಗೆ ಭಯ.

ಆ ಬಾವಿ ಹತ್ತಿರ ಸಿನಿಮಾ ತೆಗೆದ ದಿನ ನಾಯಕಿಗೆ ತಲೆ ಮೇಲೆ ಕೊಡ ಹೊರಲು ಬರಲಿಲ್ಲ, ನೀರೆಲ್ಲ ಮೈಮೇಲೆ, ನನಗೆ ಬುತ್ತಿ ತಂದಿದ್ದ ಪಿಲ್‌ನ್ಯೋಗೇ ನಾಯಕಿಯ ಸೀರೆಯಂಥ ಉದ್ದ ಲಂಗ ಉಡಿಸಿ ನಿಲ್ಲಿಸಿದೆವು, ಬೆನ್ನು ಮಾತ್ರ ಕಾಣ್ಬೇಕು, ಈ ಕಡೆ ನೋಡ್ಬೇಡಮ್ಮ, ಅಂದರು ನಿರ್ದೇಶಕರು, ಆಯ್ತು ಸ್ವಾಮಿ ಅಂದವಳು ಕೊಡ ಹೊತ್ತು ನಡೆದು ತಿರುಗಿ ನೋಡಿಯೇಬಿಟ್ಟಳು, ಕ್ಯಾಮೆರಾ ಪಕ್ಕ ನಿಂತಿದ್ದ ನನ್ನನ್ನು, ರೀ, ಸರಿಯಾಗ್ ಬಂತೇನ್ರೀ ಅಂತ, ಇನ್ನೊಮ್ಮೆ ತೆಗೆಯಲು ಫಿಲ್ಮ್ ಎಲ್ಲಿತ್ತು, ಆ ಮುಖ ಕತ್ತರಿಸಿ ಬಿಸಾಕಯ್ಯಾ ಅಂದರು, ಕತ್ತರಿ ಹಿಡಿದೆ, ಕೈ ಬರಲಿಲ್ಲ, ಮುಖ ಹಾಗೇ ಉಳಿಸಿಬಿಟ್ಟೆ. ದನಿಯಿಲ್ಲದ ಸಿನಿಮಾ, ಪರದೆ ಪಕ್ಕ ನಿಂತು ಕಥೆ ಹೇಳುವವರ ಕಾಲ, ನಮ್ಮ ಕಥೆಗಾರನೋ ಎಮ್ಮೆಯನ್ನೂ ಅಳಿಸಬಲ್ಲವನು, ನಾಯಕಿಯ ಬದಲು ಬೇರೆ ಮುಖ ತಿರುಗಿದ್ದೇ ತಡ, ಅಯ್ಯೋ ನೋಡಿ, ದುಃಖದಲ್ಲಿ ಅವಳ ಮುಖವೇ ಬದಲಾಗಿಹೋಯ್ತು, ಅಂದ, ಹೆಂಗಸರೆಲ್ಲ ಬಿಕ್ಕಿ ಬಿಕ್ಕಿ ಅತ್ತರು, ಪಿಲ್‌ನ್ಯೋ ಮಾತ್ರ ಬಾಯಿಗೆ ಅಡ್ಡ ಹಿಡಿಯಲು ಸೆರಗಿಲ್ಲದೆ ನನ್ನ ತೋಳನ್ನೇ ಹಿಡಿದು ನಕ್ಕಳು, ಆ ನಗು ಈಗಲೂ ತೋಳಿನಲ್ಲಿದೆ, ಮುಖ ಇಲ್ಲ.

ಅಣ್ಣಾ, ಆ ಟೋಪಿ ಕೊಡ್ತೀಯಾ, ಅನ್ನುತ್ತೇನೆ ಕರಬೂಜದವನಿಗೆ, ಕರಬೂಜ ಬೇಕಿದ್ರೆ ತಗೊಳ್ಳಿ ಯಜಮಾನ್ರೇ, ಟೋಪಿ ಕೊಟ್ಟು ನನ್ನ ತಲೆ ಬೇಯಿಸ್ಕೊಳ್ಳಾ, ಅನ್ನುತ್ತಾನೆ, ಬದಲಿಗೆ ನನ್ನ ಪೇಟೆಯ ಟೋಪಿ ತೆಗೆದು ಚಾಚುತ್ತೇನೆ, ಬಿಸಿಲಿನ ಝಳಕ್ಕೆ ತಲೆ ಕೆಟ್ಟಿತೇನ್ರೀ, ಏನಿದೆ ಅದ್ರಲ್ಲಿ ಅಂಥಾದ್ದು, ನನ್ನ ಹೆಂಡ್ತಿ ಇದಾಳೆ ಕಣಪ್ಪಾ, ಹೋ ಹಾಗಾದ್ರೆ ಇಷ್ಟು ದಿನ ನನ್ನ ತಲೆ ಮೇಲೆ ಕೂತಿದ್ದು ನಿಮ್ಮನೆಯವ್ರಾ, ಎಂದು ನಕ್ಕವನು ನನ್ನ ಮುಖ ನೋಡಿ ತನ್ನ ಟೋಪಿ ತೆಗೆದು ಕೈಗೇ ಕೊಡುತ್ತಾನೆ, ನನ್ನ ಟೋಪಿ ಮುಟ್ಟುವುದೂ ಇಲ್ಲ, ಬೆವರಿನ ಬಿಸಿ ಇನ್ನೂ ಆರಿಲ್ಲ, ಸೂರ್ಯನಿಗೆ ಹಿಡಿದು ಮೆಲ್ಲಗೆ ತಿರುಗಿಸುತ್ತೇನೆ, ಬಾವಿ, ಬಾವಿ, ಬಂದಳು, ಬೆನ್ನು, ಕೊಡ ಹಿಡಿದ ಮೊಣಕೈ, ಬೆನ್ನು, ನಡೆ ನನ್ನವ್ವ, ನಡೆ, ಕೊರಳು ತಿರುಗುತ್ತಿದೆ, ಕಿವಿ, ಕೆನ್ನೆಯ ಅಂಚು — ಅಲ್ಲಿ ಹೊಲಿಗೆ, ಪಟ್ಟಿ ಮುಗಿಯಿತು, ಉಗುರಿನಿಂದ ಎತ್ತಿ ನೋಡುತ್ತೇನೆ, ಕೆಳಗೆ ಬರೀ ಹುಲ್ಲು, ಮುಂದಿನ ತುಂಡು ಇನ್ನೊಂದು ಟೋಪಿಗೆ ಹೋಗಿದೆ, ಯಾವ ಊರೋ, ಯಾರ ಗದ್ದೆಯೋ, ಅಲ್ಲಿ ನೋಡುತ್ತಿದ್ದಾಳೆ, ಇಲ್ಲಿ ಕೊರಳು, ಕಿವಿ, ಕೆನ್ನೆಯ ಅಂಚು, ಮತ್ತೆ ತಿರುಗಿಸುತ್ತೇನೆ, ಕೊರಳು, ಕಿವಿ, ಕೆನ್ನೆಯ ಅಂಚು