ಲಕ್ಷ್ಮಿಯ ಪೊಟ್ಟಣ

ಕಡ್ಡಿ, ಇದ್ದಿಲು ಪುಡಿ, ಗಂಧ ಎಲ್ಲ ಸೇರಿ ಒಂದು ಕಟ್ಟು ಊದುಬತ್ತಿಗೆ ಮುಕ್ಕಾಲಾಣೆ ಬೀಳುತ್ತಿತ್ತು. ಅದನ್ನು ತುಂಬುವ ಬಣ್ಣದ ಪೊಟ್ಟಣಕ್ಕೇ ಕಾಲಾಣೆ ಎಂದಾಗ ಇಂದ್ರಮ್ಮ ಹುಬ್ಬು ಗಂಟಿಕ್ಕಿದಳು.

“ಕಾಗದಾನ ಯಾರೂ ದೇವರ ಮುಂದೆ ಹಚ್ಚಲ್ಲ ಕಣ್ರೀ,” ಎಂದಳು ಗಂಡನಿಗೆ.

“ನಿಂಗೆ ಗೊತ್ತಾಗಲ್ಲ ಬುಡು,” ಎಂದ ಚಿಕ್ಕಯ್ಯ. “ಈಗಿನ ಜನ ಮೂಗಲ್ಲಿ ಕೊಳ್ಳಲ್ಲ, ಕಣ್ಣಲ್ಲಿ ಕೊಳ್ತಾರೆ. ಪ್ರೆಸ್ಸಿನ ಕೃಷ್ಣಸ್ವಾಮಿಗಳೇ ಹೇಳಿದ್ರು.”

ಮಾತಿನಲ್ಲಿ ಹುರುಳಿತ್ತು. ಬೊಂಬಾಯಿಯ ಗುಲಾಬಿ ಚಿತ್ರದ ಪೊಟ್ಟಣ ಬಂದ ಮೇಲೆ ಚಾಮರಾಜಪುರಂ ಅಂಗಡಿಗಳಲ್ಲಿ ಇವರ ಕಟ್ಟುಗಳು ಧೂಳು ತಿನ್ನುತ್ತಿದ್ದವು. ಹೀಗೇ ಹೋದರೆ ಬತ್ತಿ ಹೊಸೆಯುವ ಮಣೆಯನ್ನು ಗೋಡೆಗೆ ಒರಗಿಸಬೇಕಿತ್ತು. ಇಂದ್ರಮ್ಮ ಒಪ್ಪಿದಳು.

ಪೊಟ್ಟಣದ ತುಂಬ ಲಕ್ಷ್ಮಿ. ಕಿರೀಟ ಮೇಲಂಚಿಗೆ ತಾಗಿತ್ತು. ಪಾದದ ಕೆಳಗೆ ‘ಹಚ್ಚಿದ ಮನೆಗೆ ಐಶ್ವರ್ಯ’ ಎಂಬ ಬರಹ. ಶ್ರಾವಣದಲ್ಲಿ ಸರಕೆಲ್ಲ ಖಾಲಿಯಾಗಿ ಚಿಕ್ಕಯ್ಯ ಮೀಸೆ ತಿರುವಿದ. ಆಮೇಲೆ ತುಂಬಿಟ್ಟ ಹೊಸ ಸರಕನ್ನು ಕೇಳುವವರೇ ಇಲ್ಲ.

“ನಿನ್ನ ಗಂಧ ಕೆಟ್ಟಿರಬೇಕು,” ಎಂದ.

ಆ ಮಾತನ್ನು ಇಂದ್ರಮ್ಮ ನುಂಗಲಿಲ್ಲ. ನೆಟ್ಟಗೆ ಲಕ್ಷ್ಮೀಪುರಂಗೆ, ಹಳೆಯ ಗಿರಾಕಿ ಅಂಬುಜಮ್ಮನ ಮನೆಗೆ ನಡೆದಳು.

“ಬತ್ತಿ ಎಂಗಿತ್ತು ಅಮ್ಮಾವ್ರೇ?”

“ಹಚ್ಚಿದ್ರೆ ತಾನೇ ಹೇಳೋದು! ಬಾ ಒಳಗೆ.”

ದೇವರ ಗೂಡಿನಲ್ಲಿ ಲಕ್ಷ್ಮಿಯ ಪೊಟ್ಟಣ ಕುಂಕುಮ ಇಡಿಸಿಕೊಂಡು, ಹೂ ಮುಡಿದು ಕೂತಿತ್ತು. ಅದರ ಮುಂದೆ ಬೊಂಬಾಯಿಯ ಊದುಬತ್ತಿ ಹೊಗೆಯಾಡುತ್ತಿತ್ತು.

“ಅಮ್ಮನವರ ಮುಖ ಹರಿದು ಬತ್ತಿ ತೆಗೀಲಾ? ಕೈ ಬರಲಿಲ್ಲ ಕಣಮ್ಮ. ನಮ್ಮ ಬೀದೀಲಿ ಎಲ್ಲರೂ ಹಿಂಗೇ ಇಟ್ಕೊಂಡಿದ್ದಾರೆ. ಹಚ್ಚದೇನೇ ನಮ್ಮ ಯಜಮಾನ್ರಿಗೆ ಬಡ್ತಿ ಬಂತು, ನೋಡು!”

ದಾರಿಯುದ್ದಕ್ಕೂ ಇಂದ್ರಮ್ಮನಿಗೆ ನಗು. ಪ್ರೆಸ್ಸಿನಿಂದ ಇನ್ನೂ ಮಸಿ ಆರದೆ ಬಂದ ಕಾಗದ ಅದು. ಹೊತ್ತು ತಂದವಳೇ ಅವಳು. ಮನೆಗೆ ಬಂದು, ಉಳಿದಿದ್ದರಲ್ಲಿ ಒಂದು ಪೊಟ್ಟಣವನ್ನು ಹರಿಯಲು ಹಿಡಿದಳು. ಬೆರಳು ಕಿರೀಟದ ಹತ್ತಿರ ನಿಂತುಬಿಟ್ಟಿತು. ಪೊಟ್ಟಣವನ್ನು ಕಣ್ಣಿಗೊತ್ತಿಕೊಂಡು ಕೆಳಗಿಟ್ಟಳು.

“ಏನಾಯ್ತೇ?” ಎಂದ ಚಿಕ್ಕಯ್ಯ.

“ಅಮ್ಮನವರು ಹೊರಗಿದ್ರೆ ಬತ್ತಿ ಒಳಗೇ ಉಳೀತದೆ ಕಣ್ರೀ. ಪೊಟ್ಟಣದ ಮೇಲೆ ಮಲ್ಲಿಗೆ ಹೂ ಹಾಕ್ಸಿ. ಅಮ್ಮನವರ ಪಟ ಚಿಕ್ಕದಾಗಿ ಬೇರೆ ಅಚ್ಚಾಗಲಿ. ಹತ್ತು ಪೊಟ್ಟಣ ಕೊಂಡೋರಿಗೆ ಒಂದು ಪಟ.”

“ಓಹೋ, ನೀನೂ ಕಾಗದದ ವ್ಯಾಪಾರಕ್ಕೆ ಇಳಿದ್ಬುಟ್ಟೆ!”

“ಹೂಂ. ಹರಿಯೋಕೆ ಒಂದು ಕಾಗದ, ಕೈ ಮುಗಿಯೋಕೆ ಒಂದು.”

ಪಟಕ್ಕಾಗಿ ಜನ ಹತ್ತತ್ತು ಪೊಟ್ಟಣ ಒಟ್ಟಿಗೇ ಒಯ್ದರು. ಹಚ್ಚಿ ಮುಗಿಸಿ ಮತ್ತೆ ಬಂದರು. ದೀಪಾವಳಿಯ ಹೊತ್ತಿಗೆ ಹೊಸೆಯಲು ಇನ್ನಿಬ್ಬರು ಹೆಂಗಸರನ್ನು ಕರೆದುಕೊಳ್ಳಬೇಕಾಯಿತು. ಮೊದಲು ಅಚ್ಚು ಹಾಕಿಸಿದ ದುಡ್ಡು ಹೋಯಿತು, ಕಸುಬು ಉಳಿಯಿತು.