ಚನಿಯಪ್ಪನ ಕೋಣ

ಯಾವ ಪ್ರಾಣಿಯ ಹಿಂದೆ ಹೊರಟರೂ ಅದರದೇ ನಡಿಗೆ ಕಲಿತುಬಿಡುವ ಕಾಲುಗಳು ಸುಳ್ಯದ ಚನಿಯಪ್ಪನವು. ಪೇಟೆಯಲ್ಲಿ ಆಡು ಹೋದರೆ ಆಡಿನ ಹಾಗೆ ಚುರುಕಾಗಿ, ಗಾಡಿಯ ಎತ್ತು ಹೋದರೆ ತಲೆದೂಗುತ್ತ, ಖಾಕಿ ಕೋಟಿನ ಜೇಬಿನಲ್ಲಿ ಬಣ್ಣದ ಕುಪ್ಪಿಗಳನ್ನು ಕುಲುಕಿಸುತ್ತ ಹಿಂಬಾಲಿಸುವ ಆ ಉದ್ದನೆಯ ಮನುಷ್ಯನನ್ನು ಕಂಡು ನಗದವರು ಕಡಿಮೆ.

ಐವತ್ತರ ದಶಕದ ಕೊನೆಗೆ ಅವನು ಅಹ್ಮದ್ ಕುಂಞಿಯವರ ಟೂರಿಂಗ್ ಟಾಕೀಸಿನಲ್ಲಿ ಸಿನಿಮಾ ತೋರಿಸುವ ಮಿಷನ್ ನಡೆಸುತ್ತಿದ್ದ. ಹರಿದು ಬಿಸಾಡಿದ ರೀಲಿನ ತುಂಡುಗಳನ್ನು ಬಟ್ಟೆ ಒಗೆಯುವ ಸೋಡಾದ ನೀರಿನಲ್ಲಿ ನೆನೆಹಾಕಿ, ನಟನಟಿಯರನ್ನೆಲ್ಲ ನಿರ್ದಾಕ್ಷಿಣ್ಯವಾಗಿ ಉಜ್ಜಿ ತೆಗೆದು, ಬರಿದಾದ ಪಟ್ಟಿಯ ಒಂದೊಂದು ಚೌಕದಲ್ಲೂ ಅಳಿಲಿನ ಕೂದಲ ಕುಂಚದಿಂದ ಪ್ರಾಣಿಗಳನ್ನು ಬರೆಯುವುದು ಅವನ ವ್ಯಸನ. ಕ್ಯಾಮರಾ ಇಲ್ಲದೆ ಸಿನಿಮಾ ಆಗುತ್ತದೆಯೇ ಎಂದು ಶಾಲೆಯ ಮಾಷ್ಟ್ರಾದ ನಾನು ಕೇಳಿದರೆ, "ಕ್ಯಾಮರಾ ಎಂತಕ್ಕೆ ಮಾಷ್ಟ್ರೆ? ಕಣ್ಣುಂಟಲ್ಲ," ಎನ್ನುತ್ತಿದ್ದ.

ಮೊದಲ ಸಲ ಇಂಟರ್‌ವಲ್ಲಿನಲ್ಲಿ ತೋರಿಸಿದ್ದು ಒಂದು ಕೋಣ. ಕಂಬಳದ ಓಟ ನೋಡಿ ಬೆಳೆದವನಲ್ಲವೆ, ಉಳುವ ಕೋಣಕ್ಕೂ ಅದೇ ಓಟ ಕೊಟ್ಟಿದ್ದ. ನೊಗ ಹೊತ್ತ ಪ್ರಾಣಿ ಪರದೆಯ ಮೇಲೆ ಕುಪ್ಪಳಿಸಿತು. "ಅದಕ್ಕೆ ಕಳ್ಳು ಕುಡಿಸಿದ್ದು ಯಾರು ಮಾರಾಯ್ರೆ?" ಎಂದು ಯಾರೋ ಕೂಗಿದರು. ಡೇರೆ ಹಾರಿಹೋಗುವಷ್ಟು ನಗು. ಅಹ್ಮದ್ ಕುಂಞಿಯವರಿಗೆ ಮರ್ಯಾದೆ ಹೋದಂತಾಯಿತು.

"ಇನ್ನೊಮ್ಮೆ ಜನ ನಗಾಡಿದ್ರೆ ನೀನು ನನ್ನ ಮಿಷನ್ ಮುಟ್ಲಿಕ್ಕಿಲ್ಲ."

ಮಿಷನ್ ಕೈತಪ್ಪಿದರೆ ಅವನ ಪ್ರಾಣಿಗಳೆಲ್ಲ ಡಬ್ಬಿಯೊಳಗೇ ಸಾಯಬೇಕು. ಮಳೆಗಾಲಕ್ಕೆ ಡೇರೆ ಬಿಚ್ಚಿದ ಮೇಲೆ ಚನಿಯಪ್ಪ ಕೊಡೆ ಹಿಡಿದು ಊರ ಗದ್ದೆಗಳಲ್ಲೆಲ್ಲ ಉಳುವ ಕೋಣಗಳ ಹಿಂದೆ ನಡೆದ. ಜಗಲಿಯಲ್ಲಿ ಕೈಗಳನ್ನೂ ಊರಿ ನಡೆದು ತೋರಿಸಿದರೆ, ಹೆಂಡತಿ ಪೂವಮ್ಮ ಅಕ್ಕಿ ಆರಿಸುತ್ತಲೇ ತಪ್ಪು ಹೇಳುತ್ತಿದ್ದಳು.

ಮಳೆ ಬಿಟ್ಟು ಪಂಜ ಎಂಬ ಊರಿನಲ್ಲಿ ಡೇರೆ ಎದ್ದಿತು. ಪರದೆಯ ತುದಿಯಿಂದ ಕಪ್ಪು ಕೋಣವೊಂದು ಹಸಿರು ನೇಜಿಯ ಗದ್ದೆಯತ್ತ ನಿಧಾನವಾಗಿ ಬಂತು. ಪಟ್ಟಿಯ ಅಂಚಿನಲ್ಲಿ, ಮಾತು ಹಾಡುಗಳು ಅಚ್ಚಾಗುವ ಜಾಗದಲ್ಲಿ, ಅವನೆಳೆದಿದ್ದ ಮಸಿಯ ಗೀರುಗಳು ಕೊರಳಿನ ಮರದ ಗಂಟೆಯಂತೆ ಕೊಟಕ್ ಕೊಟಕ್ ಎಂದವು. ಯಾರೂ ನಗಲಿಲ್ಲ. ನೆಲದಲ್ಲಿ ಕೂತವರು ಕಾಲು ಮಡಚಿ ದಾರಿ ಬಿಟ್ಟರು. ಕೋಣ ನೇಜಿಯ ಎಳೆ ಭತ್ತದ ಸಸಿಗೆ ಬಾಯಿ ಹಾಕುವಷ್ಟರಲ್ಲಿ ಬೇಸಾಯದ ಮನೆಯ ದುಗ್ಗಮ್ಮ ಎದ್ದುನಿಂತು ಕೂಗಿದಳು: "ಓಡಿಸಿ ಮಾರಾಯ್ರೆ, ನೇಜಿ ಪೂರಾ ತಿಂತದೆ!"

ಮಿಷನ್ನಿನ ಹಿಂದೆ ಚನಿಯಪ್ಪ ಕೋಟಿನ ತೋಳಿನಿಂದ ಕಣ್ಣೊರೆಸಿಕೊಂಡ. ಅಹ್ಮದ್ ಕುಂಞಿಯವರು ಹತ್ತಿರ ಬಂದು, "ನಾಳೆಯೂ ಹಾಕು," ಎಂದರು.

ಅವನು ನಮ್ಮೂರಿನವನೆಂದು ಹೇಳುವಾಗ ನನಗೆ ಇಂದಿಗೂ ಎದೆಯುಬ್ಬುತ್ತದೆ. ಇಂಥ ಕಲಾವಿದರು ಚಪ್ಪಾಳೆಗೆ ಕಾಯುವವರಲ್ಲ; ತಾವು ಬರೆದ ಪ್ರಾಣಿಯನ್ನು ಓಡಿಸಲು ಯಾರಾದರೊಬ್ಬರು ಎದ್ದು ನಿಂತರೆ ಅವರ ಜನ್ಮ ಸಾರ್ಥಕ.